ಮೈನಾಳೂ ಉಳಿಯಲಿ, ಕೇಸರಳೂ ಉಳಿಯಲಿ

ಪುಣೆಯ ಲಾ ಕಾಲೇಜು ರಸ್ತೆಯ ಎನ್‌ಎಫ್‌ಡಿಸಿ (ರಾಷ್ಟ್ರೀಯ ಚಲನಚಿತ್ರ ಅಭಿವೃದ್ಧಿ ನಿಗಮ)–ರಾಷ್ಟ್ರೀಯ ಚಲನಚಿತ್ರ ಸಂಗ್ರಹಾಲಯದ ಅಧಿಕಾರಿಗಳಿಗೆ ಹಾಗೂ ಅಟ್ಟದ ಮೇಲೆ ಹಳೆಯ ಫಿಲ್ಮ್ ಡಬ್ಬಿ ಇಟ್ಟುಕೊಂಡಿರುವ ಎಲ್ಲ ಮನೆಗಳವರಿಗೆ, ಪುಣೆಯ ಕೆಲವು ಕನ್ನಡಿಗರ ಬಹಿರಂಗ ಪತ್ರ

ಮಾನ್ಯರೇ,

ಶಾಂತಾ ಹುಬಳೀಕರ ನಟಿಸಿದ ಚಿತ್ರಗಳ ಪುನರುದ್ಧಾರದ ಬಗ್ಗೆ ಒಂದು ಖಚಿತ ಬೇಡಿಕೆ ಇಟ್ಟುಕೊಂಡು ಈ ಪತ್ರ ಬರೆಯುತ್ತಿದ್ದೇವೆ. ಪ್ರಭಾತ್ ಫಿಲ್ಮ್ ಕಂಪನಿ 1939ರಲ್ಲಿ ತೆರೆಗೆ ತಂದ ಮರಾಠಿಯ ‘ಮಾಣೂಸ್’ ಮತ್ತು ಹಿಂದಿಯ ‘ಆದ್ಮಿ’ ಎರಡನ್ನೂ ಬೇರೆ ಬೇರೆ ಕೃತಿಗಳೆಂದು ಪಟ್ಟಿಯಲ್ಲಿ ದಾಖಲಿಸಿ, ಎರಡಕ್ಕೂ ಪೂರ್ತಿ ಪ್ರಮಾಣದ ಪುನರುದ್ಧಾರ ಮಾಡಿಸಬೇಕು. ಒಂದನ್ನು ಮಾಡಿ ಇನ್ನೊಂದನ್ನು ‘ಅದೇ ಕಥೆ, ಭಾಷೆ ಬೇರೆ’ ಎಂದು ಬದಿಗಿಟ್ಟರೆ ಈ ನಟಿಯ ಅತ್ಯುತ್ತಮ ಕೆಲಸದಲ್ಲಿ ಅರ್ಧ ಹೋದಂತೆ. 2022ರ ಮೇ ತಿಂಗಳಲ್ಲಿ ರಾಷ್ಟ್ರೀಯ ಚಲನಚಿತ್ರ ಪರಂಪರೆ ಯೋಜನೆಯಡಿ ಸುಮಾರು 2200 ಚಿತ್ರಗಳ ಪುನರುದ್ಧಾರಕ್ಕೆ 363 ಕೋಟಿ ರೂಪಾಯಿ ಕೊಡುವುದಾಗಿ ಕೇಂದ್ರ ಸರ್ಕಾರ ಪ್ರಕಟಿಸಿತು. ಅಷ್ಟು ದೊಡ್ಡ ಪಟ್ಟಿಯಲ್ಲಿ ಒಂದೇ ಕಥೆಯ ಎರಡು ಚಿತ್ರ ಕಂಡಾಗ ಒಂದನ್ನು ಕೈಬಿಡೋಣ ಎಂದು ಯಾರಿಗಾದರೂ ಅನ್ನಿಸುವುದು ಸಹಜ. ಹಾಗೆ ಆಗದಿರಲಿ ಎಂಬುದಕ್ಕೇ ಈ ಮಾತು.

ಹುಬ್ಬಳ್ಳಿ ಹತ್ತಿರದ ಅದರಗುಂಚಿಯಲ್ಲಿ 1914ರಲ್ಲಿ ಹುಟ್ಟಿದ ರಾಜಮ್ಮ ಮುಂದೆ ಶಾಂತಾ ಹುಬಳೀಕರ ಆದರು. ಹೆಸರಿನಲ್ಲೇ ಹುಬ್ಬಳ್ಳಿ ಇದ್ದರೂ ಕನ್ನಡದವರಲ್ಲಿ ಬಹಳ ಮಂದಿಗೆ ಅವರ ಗುರುತಿಲ್ಲ. ಇಲ್ಲಿ ಪುಣೆಯಲ್ಲಿ ‘ಮಾಣೂಸ್’ ಚಿತ್ರದ ‘ಕಶಾಲಾ ಉದ್ಯಾಚಿ ಬಾತ್’ ಹಾಡನ್ನು ಎತ್ತಿಕೊಟ್ಟರೆ ಹಿರಿಯ ಮರಾಠಿಗರು ಮುಂದಿನ ಸಾಲು ತಾವೇ ಹಾಡುತ್ತಾರೆ. ಹಾಡಿದಾಕೆ ಕನ್ನಡತಿ ಎಂದರೆ ಅವರಿಗೂ ಆಶ್ಚರ್ಯ. 1938ರಲ್ಲಿ ಕೆ. ನಾರಾಯಣ ಕಾಳೆ ಅವರ ನಿರ್ದೇಶನದಲ್ಲಿ ಪ್ರಭಾತ್ ತೆಗೆದ ‘ಮಾಝಾ ಮುಲ್ಗಾ’ದಲ್ಲಿ, ಅದರ ಹಿಂದಿ ರೂಪ ‘ಮೇರಾ ಲಡ್ಕಾ’ದಲ್ಲಿ ಅವರಿದ್ದಾರೆ. ಮರುವರ್ಷ ವಿ. ಶಾಂತಾರಾಂ ಅವರ ‘ಮಾಣೂಸ್’. 1942ರಲ್ಲಿ ಮರಾಠಿಯ ‘ಪಹಿಲಾ ಪಾಳಣಾ’. ಅದೇ ವರ್ಷ ಗುಬ್ಬಿ ವೀರಣ್ಣನವರ ಕನ್ನಡ ಚಿತ್ರ ‘ಜೀವನ ನಾಟಕ’. ಐದು ವರ್ಷದೊಳಗೆ ಮೂರು ಭಾಷೆಗಳ ಕ್ಯಾಮೆರಾ ಮುಂದೆ ನಿಂತ ನಾಯಕಿ ಅವರು. ಪ್ರಭಾತದ ನಾಯಕಿಯರ ಸಾಲಿನಲ್ಲಿ ದುರ್ಗಾ ಖೋಟೆ, ಶಾಂತಾ ಆಪ್ಟೆ ಅವರ ಬಗ್ಗೆ ಸಾಕಷ್ಟು ಬರಹಗಳಿವೆ. ಹುಬಳೀಕರರನ್ನು ಮಾತ್ರ ಒಂದು ಹಾಡಿಗೆ ಕಟ್ಟಿಹಾಕಿ ಸುಮ್ಮನಾಗಿದ್ದೇವೆ. ಇದು ಅನ್ಯಾಯ.

ಈಗ ಎರಡು ಚಿತ್ರಗಳ ವಿಷಯ. ಕಥೆ ಸರಳ: ವೇಶ್ಯಾಗೃಹದ ಮೇಲೆ ಪೊಲೀಸರ ದಾಳಿ ನಡೆದಾಗ ಒಬ್ಬ ಪೇದೆ ಅಲ್ಲಿನ ಹೆಣ್ಣೊಬ್ಬಳನ್ನು ಪಾರುಮಾಡುತ್ತಾನೆ, ಅವಳನ್ನು ಪ್ರೀತಿಸುತ್ತಾನೆ, ಹೊಸ ಬಾಳು ಕೊಡಲು ಒದ್ದಾಡುತ್ತಾನೆ. ಅವಳಿಗೆ ತನ್ನ ಮೇಲೇ ನಂಬಿಕೆಯಿಲ್ಲ. ಕೊನೆಗೆ ತನ್ನನ್ನು ಪೀಡಿಸುವ ಮಾವನನ್ನು ಕೊಂದು ಜೈಲು ಸೇರುತ್ತಾಳೆ, ಬಿಡಿಸಲು ಬಂದವನನ್ನು ಬೇಡವೆನ್ನುತ್ತಾಳೆ. ಮರಾಠಿಯಲ್ಲಿ ಅವರ ಹೆಸರು ಗಣಪತ್ ಮತ್ತು ಮೈನಾ. ಹಿಂದಿಯಲ್ಲಿ ಮೋತಿ ಮತ್ತು ಕೇಸರ್. ಎರಡರಲ್ಲೂ ಪೇದೆ ಶಾಹು ಮೋಡಕ್, ಹೆಣ್ಣು ಶಾಂತಾ ಹುಬಳೀಕರ. ಆ ಕಾಲದ ದ್ವಿಭಾಷಾ ಚಿತ್ರ ಎಂದರೆ ಡಬ್ಬಿಂಗ್ ಅಲ್ಲ. ಒಂದೇ ಸೆಟ್ಟಿನಲ್ಲಿ ಒಂದು ಭಾಷೆಯ ಶಾಟ್ ಮುಗಿಸಿ, ಅದೇ ಬೆಳಕಿನಲ್ಲಿ ಇನ್ನೊಂದು ಭಾಷೆಯದನ್ನು ಹೊಸದಾಗಿ ತೆಗೆಯುತ್ತಿದ್ದರು. ನೆಗೆಟಿವ್ ಎರಡು, ಸಂಕಲನ ಎರಡು. ನಟಿ ಪ್ರತಿ ಮಾತನ್ನೂ ಎರಡು ಸಲ ಆಡಿದ್ದಾಳೆ, ಎರಡು ಸಲ ಅತ್ತಿದ್ದಾಳೆ. ವಾಕ್ಯದ ಉದ್ದ ಬೇರೆ, ಉಸಿರು ನಿಲ್ಲುವ ಜಾಗ ಬೇರೆ, ತಲೆ ತಿರುಗಿಸುವ ಗಳಿಗೆ ಬೇರೆ. ತನ್ನದಲ್ಲದ ಎರಡು ಭಾಷೆಗಳಲ್ಲಿ ಒಂದೇ ಪಾತ್ರವನ್ನು ಒಬ್ಬ ಕನ್ನಡದ ನಟಿ ಹೇಗೆ ಕಟ್ಟಿದಳು ಎಂದು ಪಕ್ಕಪಕ್ಕದಲ್ಲಿಟ್ಟು ನೋಡುವ ಅವಕಾಶ ಭಾರತೀಯ ಸಿನಿಮಾದಲ್ಲಿ ಎಷ್ಟು ಕಡೆ ಸಿಗುತ್ತದೆ?

ಆದ್ದರಿಂದ ಮೊದಲ ಕೋರಿಕೆ: ಒಂದು ಚಿತ್ರದಲ್ಲಿ ಹಾಳಾದ ಶಾಟನ್ನು ಇನ್ನೊಂದರಿಂದ ತಂದು ತುಂಬುವ ಸುಲಭದ ದಾರಿ ಹಿಡಿಯಬೇಡಿ. ಮಾತಿರುವ ಶಾಟುಗಳಲ್ಲಿ ತುಟಿ ಹೊಂದುವುದಿಲ್ಲ ಎಂಬುದು ಎಲ್ಲರಿಗೂ ತಿಳಿದದ್ದೇ. ಮಾತಿಲ್ಲದ ಶಾಟುಗಳಲ್ಲೂ ಅಪಾಯವಿದೆ. ಬೀದಿಯ ನೋಟ, ಕೈಯ ಕ್ಲೋಸಪ್ ಒಂದೇ ಥರ ಕಂಡರೂ ಬೇರೆ ಟೇಕ್ ಆಗಿರಬಹುದು. ತೀರಾ ಅನಿವಾರ್ಯವಾದರೆ ತುಂಬಿ, ಆದರೆ ಯಾವ ರೀಲಿನ ಎಷ್ಟನೇ ಅಡಿಯಿಂದ ಎಷ್ಟನೇ ಅಡಿಯವರೆಗೆ ಎಂಬುದನ್ನು ಬರೆದು, ಆ ಪಟ್ಟಿಯನ್ನು ಚಿತ್ರದ ಜೊತೆಗೇ ಸಾರ್ವಜನಿಕರಿಗೆ ಕೊಡಿ.

ಯಾವ ಆಕರದಿಂದ ಶುರುಮಾಡುವುದು ಎಂಬುದೇ ಇಲ್ಲಿ ಕಷ್ಟದ ಪ್ರಶ್ನೆ. 2003ರ ಜನವರಿಯಲ್ಲಿ ಪುಣೆಯ ನೈಟ್ರೇಟ್ (ಬೇಗ ಹೊತ್ತಿಕೊಳ್ಳುವ ಹಳೆಯ ಬಗೆಯ ಫಿಲ್ಮು) ಭಂಡಾರಕ್ಕೆ ಬೆಂಕಿ ಬಿದ್ದು ಪ್ರಭಾತದ ಹಲವು ಮೂಲ ನೆಗೆಟಿವ್‌ಗಳು ಸುಟ್ಟುಹೋದವು. ಅಂದಮೇಲೆ ಪ್ರಭಾತದ ಚಿತ್ರಗಳಿಗೆ ಈಗ ಆಧಾರವೆಂದರೆ ಬಹುಮಟ್ಟಿಗೆ ನಂತರ ಮಾಡಿಕೊಂಡ ಡ್ಯೂಪ್ ನೆಗೆಟಿವ್‌ಗಳು, ಅಂದರೆ ನಕಲು ನೆಗೆಟಿವ್‌ಗಳು, ಅಲ್ಲಿ ಇಲ್ಲಿ ಉಳಿದ ಪ್ರಿಂಟುಗಳು. ನಕಲಿನಿಂದ ನಕಲು ತೆಗೆದಂತೆಲ್ಲ ಚಿತ್ರದ ಹರಳು (ಗ್ರೇನ್) ದಪ್ಪವಾಗುತ್ತದೆ, ಕಪ್ಪು ಇನ್ನೂ ಕಪ್ಪಾಗುತ್ತದೆ, ಬಿಳುಪು ಸುಣ್ಣ ಬಳಿದಂತಾಗುತ್ತದೆ. ರಾತ್ರಿಯ ದೃಶ್ಯಗಳೇ ಹೆಚ್ಚಿರುವ ಈ ಚಿತ್ರಕ್ಕೆ ಇದರಿಂದಾಗುವ ನಷ್ಟ ದೊಡ್ಡದು. ದೀಪದ ಒಂದು ಬದಿಗೆ ನಿಂತ ಮುಖದಲ್ಲಿ ನೆರಳಿನ ಕಡೆಯ ಕೆನ್ನೆ, ಆ ಕಡೆಯ ಕಣ್ಣು ಪೂರ್ತಿ ಮುಳುಗಿಬಿಡುತ್ತವೆ. ಹುಬಳೀಕರರ ನಟನೆ ಕೈಬೀಸಿನ ನಟನೆಯಲ್ಲ. ನಗುತ್ತ ಹಾಡುವಾಗ ಕಣ್ಣು ಮಾತ್ರ ನಗದೆ ಇರುತ್ತದಲ್ಲ, ಅದು ಆ ನೆರಳಿನಲ್ಲೇ ಇದೆ. ಮೂರನೇ ತಲೆಮಾರಿನ ನಕಲಿನಲ್ಲಿ ಅವಳು ಬರೀ ನಗುವ ಹೆಣ್ಣಾಗಿ ಕಾಣುತ್ತಾಳೆ.

ಹೀಗಾಗಿ ಇಡೀ ಚಿತ್ರಕ್ಕೆ ಒಂದೇ ಪ್ರತಿಯನ್ನು ಆರಿಸದೆ, ಸಿಗುವ ಎಲ್ಲ ಪ್ರತಿಗಳನ್ನೂ ರೀಲು ರೀಲಾಗಿ ಹೋಲಿಸಬೇಕು. ಎರಡೂವರೆ ಗಂಟೆಯ 35 ಎಂಎಂ ಚಿತ್ರ ಎಂದರೆ ನಿಮಿಷಕ್ಕೆ 90 ಅಡಿಯಂತೆ 13,500 ಅಡಿ, ಸಾವಿರ ಅಡಿಯ ಹದಿಮೂರು–ಹದಿನಾಲ್ಕು ರೀಲು. ಒಂದು ಪ್ರಿಂಟಿನ ಮೂರನೇ ರೀಲು ಚೆನ್ನಾಗಿದ್ದು ಏಳನೆಯದು ತುಂಬ ತುಂಡಾಗಿರಬಹುದು, ಇನ್ನೊಂದರಲ್ಲಿ ತಿರುವುಮುರುವಾಗಿರಬಹುದು. ರೀಲಿನ ತುದಿ–ಮೊದಲುಗಳೇ ಹೆಚ್ಚು ಸವೆದಿರುತ್ತವೆ, ಏಕೆಂದರೆ ಪ್ರೊಜೆಕ್ಟರಿಗೆ ಏರಿಸಿ ಇಳಿಸುವಾಗ ಪ್ರತಿ ಸಲವೂ ಪೆಟ್ಟು ಬೀಳುವುದು ಅಲ್ಲಿಯೇ. ಅಂಚಿನ ಅಕ್ಷರ ಓದುವಾಗಲೂ ಎಚ್ಚರ ಬೇಕು. ನಕಲು ಮಾಡುವಾಗ ಮೂಲದ ಅಂಚಿನಲ್ಲಿದ್ದ ‘ನೈಟ್ರೇಟ್’ ಎಂಬ ಬರಹವೂ ಸುಲಭವಾಗಿ ಹೊತ್ತಿಕೊಳ್ಳದ ಸೇಫ್ಟಿ ಫಿಲ್ಮಿನ ಮೇಲೆ ಅಚ್ಚಾಗಿ ಬಂದಿರುತ್ತದೆ. ಕೊಡ್ಯಾಕ್ ಫಿಲ್ಮಿನ ಅಂಚಿನಲ್ಲಿ ತಯಾರಿಕೆಯ ವರ್ಷ ಹೇಳುವ ಗುರುತುಗಳು ಇಪ್ಪತ್ತು ವರ್ಷಕ್ಕೊಮ್ಮೆ ಮರುಕಳಿಸುತ್ತವೆ. 1939ರ ಗುರುತೇ 1959ಕ್ಕೂ ಹೊಂದುತ್ತದೆ. ಗುರುತನ್ನಷ್ಟೇ ನಂಬಿ ‘ಮೂಲ ಪ್ರಿಂಟು’ ಎಂದು ಬರೆದುಬಿಟ್ಟರೆ ಮುಂದಿನವರೆಲ್ಲ ದಾರಿ ತಪ್ಪುತ್ತಾರೆ.

ಸ್ಕ್ಯಾನಿಂಗ್ ಬಗ್ಗೆ ಹೆಚ್ಚು ಹೇಳಬೇಕಿಲ್ಲ, ನಿಮಗೇ ಗೊತ್ತು. ಹಳೆಯ ಫಿಲ್ಮ್ ಕುಗ್ಗಿರುತ್ತದೆ. ಹಲ್ಲಿನ ಚಕ್ರದ ಮೇಲೆ ಓಡಿಸಿದರೆ ತೂತು ಹರಿಯುತ್ತದೆ, ಹಲ್ಲಿಲ್ಲದ ಯಂತ್ರವೇ ಆಗಬೇಕು. ಗೀರು ಹೆಚ್ಚಿರುವಲ್ಲಿ ದ್ರವದಲ್ಲಿ ಅದ್ದಿ ಓಡಿಸುವ ವೆಟ್ ಗೇಟ್ ಬಳಸಿದರೆ ತಳದ ಮೇಲಿನ ಗೀರುಗಳು ಅಲ್ಲಿಯೇ ಮರೆಯಾಗುತ್ತವೆ, ಮುಂದೆ ಕಂಪ್ಯೂಟರಿನಲ್ಲಿ ಉಜ್ಜುವ ಕೆಲಸ ಕಡಿಮೆ. ಎರಡೂವರೆ ಗಂಟೆಯ ಚಿತ್ರದಲ್ಲಿ 2,16,000 ಫ್ರೇಮುಗಳು. 4ಕೆ ಸ್ಕ್ಯಾನಿಗೆ ಫ್ರೇಮಿಗೆ ಸುಮಾರು 50 ಎಂಬಿ ಹಿಡಿದರೂ ಒಂದು ಚಿತ್ರ 11 ಟಿಬಿ ದಾಟುವುದಿಲ್ಲ, ಕಂಪ್ಯೂಟರ್ ದತ್ತಾಂಶ ಕಾಪಿಡುವ ಎಂಟನೇ ತಲೆಮಾರಿನ ಒಂದು ಎಲ್‌ಟಿಓ ಟೇಪಿನಲ್ಲಿ ಹಿಡಿಯುತ್ತದೆ. ಎರಡು ಚಿತ್ರಕ್ಕೆ ಎರಡು ಟೇಪು, ಬೇರೆ ಊರಿನಲ್ಲಿಡಲು ಇನ್ನೆರಡು. ಜಾಗ ಸಾಲದು ಎಂಬ ಕಾರಣಕ್ಕೆ ಒಂದನ್ನು ಬಿಡಬೇಕಾಗಿಲ್ಲ.

ಕೆಡುವುದು ಬಹಳ ಸಲ ಶುಚಿ ಮಾಡುವ ಹಂತದಲ್ಲಿ. ಒಂದೇ ಫ್ರೇಮಿನಲ್ಲಿ ಕಂಡು ಮುಂದಿನದರಲ್ಲಿ ಇಲ್ಲದ ಚುಕ್ಕೆಯನ್ನು ತಂತ್ರಾಂಶ ಧೂಳು ಎಂದು ತಿಳಿಯುತ್ತದೆ. ಕುಣಿಯುವ ಕೈಯ ಗಾಜಿನ ಬಳೆ, ತಲೆ ತಿರುಗಿಸಿದಾಗಿನ ಮೂಗುತಿಯ ಮಿಂಚು, ಮಳೆಯ ಹನಿ, ಬೀಡಿಯ ಕಿಡಿ ಇವೆಲ್ಲ ಒಂದೇ ಫ್ರೇಮಿನಲ್ಲಿ ಹೊಳೆದು ಮಾಯವಾಗುವಂಥವು. ಯಂತ್ರ ಅವನ್ನೂ ಧೂಳಿನ ಜೊತೆ ಗುಡಿಸಿಹಾಕುತ್ತದೆ. ಬೇಗ ಆಡುವ ಬೆರಳುಗಳ ತುದಿ ಹರಿದಂತಾಗುತ್ತದೆ. ಹರಳನ್ನು ಪೂರ್ತಿ ತೆಗೆದರೆ ಮುಖ ಮೇಣದ ಮುಖವಾಗುತ್ತದೆ. ಹಾಡಿನ ದೃಶ್ಯಗಳಲ್ಲಿ ತನ್ನಷ್ಟಕ್ಕೆ ಓಡುವ ಶುಚಿಯನ್ನು ನಿಲ್ಲಿಸಿ, ಒಬ್ಬರು ಕೂತು ಫ್ರೇಮ್ ಫ್ರೇಮಾಗಿ ನೋಡಿ ಒಪ್ಪುವ ಪದ್ಧತಿ ಇಡಿ. ನಾಲ್ಕು ನಿಮಿಷದ ಹಾಡಿಗೆ 5,760 ಫ್ರೇಮು. ತಾಳ್ಮೆಯ ಕೆಲಸ ನಿಜ, ಆದರೆ ಮಾಡಲಾಗದ ಕೆಲಸವೇನಲ್ಲ.

ಧ್ವನಿಗೆ ಇನ್ನೂ ಹೆಚ್ಚು ಕಾಳಜಿ ಬೇಕು. ಈ ನಟಿ ತನ್ನ ಹಾಡು ತಾನೇ ಹಾಡಿದಾಕೆ. ‘ಕಶಾಲಾ ಉದ್ಯಾಚಿ ಬಾತ್’ ಎಂಬ ಆ ಪ್ರಸಿದ್ಧ ಹಾಡು ಹಲವು ಭಾಷೆಗಳಿಗೆ ಹೊರಳುತ್ತದೆ. ಬರುವ ಗಿರಾಕಿ ಯಾವ ನಾಡಿನವನೋ ಆ ನಾಡಿನ ಮಾತು, ಆ ನಾಡಿನ ಧಾಟಿ. ಒಂದು ಭಾಷೆಯಿಂದ ಇನ್ನೊಂದಕ್ಕೆ ದಾಟುವಾಗ ಕಂಠದ ಭಾರ ಬದಲಾಗುತ್ತದೆ, ವ್ಯಂಜನ ಒತ್ತುವ ರೀತಿ ಬದಲಾಗುತ್ತದೆ. ಕಿರಿಕಿರಿ ಸದ್ದು ತೆಗೆಯುವ ಹೆಸರಿನಲ್ಲಿ ಮೇಲಿನ ಕಂಪನಗಳನ್ನು ಕತ್ತರಿಸಿದರೆ ಮೊದಲು ಹೋಗುವುದು ಸ, ಶ, ಚ ಅಕ್ಷರಗಳ ಅಂಚು; ಆಮೇಲೆ ತಬಲಾದ ನಾದದ ಬಾಲ. ಅವರ ಮರಾಠಿಯಲ್ಲಿ ಧಾರವಾಡದ ಕಡೆಯ ಕನ್ನಡದ ನೆರಳಿತ್ತೇ ಎಂಬ ಪ್ರಶ್ನೆ ಭಾಷೆ ಬಲ್ಲವರಿಗೆ ಕುತೂಹಲದ್ದು. ಕೇಳಿ ತೀರ್ಮಾನಿಸಬೇಕಾದರೆ ಆ ಅಂಚುಗಳೇ ಬೇಕು. ಸ್ವಲ್ಪ ಕರಕರ ಸದ್ದು ಉಳಿದರೂ ಅಡ್ಡಿಯಿಲ್ಲ. ಶುಚಿ ಮಾಡದ ಧ್ವನಿಯ ಒಂದು ಪ್ರತಿಯನ್ನೂ ಅಧ್ಯಯನ ಮಾಡುವವರಿಗೆ ತೆರೆದಿಡಿ.

ವೇಗದ್ದೂ ಒಂದು ತಕರಾರಿದೆ. ಟೀವಿಗಾಗಿ ಸೆಕೆಂಡಿಗೆ 25 ಫ್ರೇಮಿನಂತೆ ಮಾಡಿದ ಹಳೆಯ ವಿಡಿಯೋ ಪ್ರತಿಗಳಲ್ಲಿ 24 ಫ್ರೇಮಿನ ಚಿತ್ರ ಶೇಕಡಾ 4ರಷ್ಟು ಬೇಗ ಓಡುತ್ತದೆ. ಶ್ರುತಿಯೂ ಅಷ್ಟೇ ಏರುತ್ತದೆ. ಹಾರ್ಮೋನಿಯಂನಲ್ಲಿ ಒಂದು ಮನೆಯ ಮುಕ್ಕಾಲು ಪಾಲು ಎನ್ನಬಹುದು. ಅಂಥ ಪ್ರತಿಯಿಂದ ಕೇಳಿದವರು ‘ಆ ಕಾಲದ ಗಾಯಕಿಯರ ದನಿ ತೆಳು, ಕೀರಲು’ ಎನ್ನುತ್ತಾರೆ. ದನಿ ಹಾಗಿದ್ದುದಲ್ಲ, ಓಟ ಹಾಗೆ ಮಾಡಿದ್ದು. ಹೊಸ ಪ್ರತಿಯ ಧ್ವನಿಯನ್ನು ಹಳೆಯ ವಿಡಿಯೋದಿಂದ ಎರವಲು ತರಲೇಬೇಡಿ.

ಫಿಲ್ಮ್ ಪ್ರಿಂಟಿನಲ್ಲಿ ಚಿತ್ರ ಒಂದು ಕಡೆ, ಅದರ ಧ್ವನಿ ಸುಮಾರು 20 ಫ್ರೇಮ್ ಮುಂದೆ ಇರುತ್ತದೆ. ಫಿಲ್ಮ್ ಹರಿದು ಒಂದು ತುಂಡು ಕತ್ತರಿಸಿ ಅಂಟಿಸಿದಾಗ ಕಾಣೆಯಾದ ಚಿತ್ರದ ಮಾತು ಬದುಕಿರುತ್ತದೆ, ಅದಕ್ಕಿಂತ ಸೆಕೆಂಡಿನ ಮುಕ್ಕಾಲಿಗೂ ತುಸು ಹೆಚ್ಚು ಹೊತ್ತಿನ ನಂತರದ ಮಾತು ಸತ್ತಿರುತ್ತದೆ. ಎರಡು ಬೇರೆ ಪ್ರಿಂಟುಗಳು ಒಂದೇ ಜಾಗದಲ್ಲಿ ಹರಿದಿರುವುದು ಅಪರೂಪ. ಚಿತ್ರವನ್ನು ಒಂದರಿಂದ, ಧ್ವನಿಯನ್ನು ಇನ್ನೊಂದರಿಂದ ತೆಗೆದು ಕೂಡಿಸಿದರೆ ಇಂಥ ಎಷ್ಟೋ ಗಾಯ ಮುಚ್ಚುತ್ತದೆ. ಆದರೆ ಗ್ರಾಮಫೋನ್ ತಟ್ಟೆಯ ಹಾಡನ್ನು ತಂದು ಚಿತ್ರದ ಕೆಳಗೆ ಹಾಕಬಾರದು. 78 ಸುತ್ತಿನ ಹತ್ತು ಇಂಚಿನ ತಟ್ಟೆಯ ಒಂದು ಮಗ್ಗುಲಿಗೆ ಮೂರು–ಮೂರೂವರೆ ನಿಮಿಷ ಮಾತ್ರ ಹಿಡಿಯುತ್ತಿದ್ದುದರಿಂದ ಹಾಡನ್ನು ಮೊಟಕುಗೊಳಿಸಿ ಬೇರೆಯಾಗಿ ಹಾಡಿಸುವುದು ಆಗ ರೂಢಿಯಲ್ಲಿತ್ತು. ತುಟಿಯೂ ಕೂಡುವುದಿಲ್ಲ, ಲಯವೂ ಕೂಡುವುದಿಲ್ಲ. ತಟ್ಟೆಯನ್ನು ಬೇರೆ ದಾಖಲೆಯಾಗಿ ಕಾಪಾಡಿ.

ಪಟ್ಟಿ ಮಾಡುವವರಿಗೆ ಎರಡು ಮಾತು. ಪ್ರಭಾತದಲ್ಲಿ ಇಬ್ಬರು ಶಾಂತಾ ಇದ್ದರು. ಶಾಂತಾ ಆಪ್ಟೆ 1937ರ ‘ಕುಂಕೂ’ ಚಿತ್ರದ ನಾಯಕಿ. 1939ರಲ್ಲಿ ಸ್ಟುಡಿಯೋ ಬಾಗಿಲಲ್ಲೇ ಉಪವಾಸ ಕೂತು ಸುದ್ದಿಯಾದವರೂ ಅವರೇ. ಫೋಟೋಗಳ ಕೆಳಗೆ ಇಬ್ಬರ ಹೆಸರೂ ಅದಲುಬದಲಾಗುವುದು ಸುಲಭ. ಜೊತೆಗೆ ಹುಬಳೀಕರ, ಹುಬ್ಳೀಕರ್, ಹುಬ್ಳಿಕರ್ ಎಂಬ ಕಾಗುಣಿತಗಳು. ಒಂದು ಕಾಗುಣಿತದಲ್ಲಿ ಹುಡುಕಿದರೆ ಇನ್ನೊಂದರಲ್ಲಿ ಬರೆದ ಡಬ್ಬಿ ಕಾಣುವುದೇ ಇಲ್ಲ. ಎಲ್ಲ ರೂಪಗಳನ್ನೂ, ರಾಜಮ್ಮ ಎಂಬ ಹುಟ್ಟುಹೆಸರನ್ನೂ ಒಂದೇ ನಮೂದಿಗೆ ಜೋಡಿಸಿ. ಕನ್ನಡ ಲಿಪಿಯಲ್ಲೂ ಸೇರಿಸಿ. ಚಿತ್ರದ ಹೆಸರಿಗೂ ಇದೇ ಕ್ರಮ ಇರಲಿ.

ಇನ್ನು ‘ಜೀವನ ನಾಟಕ’. ವಹಾಬ್ ಕಾಶ್ಮೀರಿ ನಿರ್ದೇಶನ, ಅನಕೃ ಅವರ ಬರವಣಿಗೆ, ಜೊತೆಗೆ ಬಿ. ಜಯಮ್ಮ, ಕೆಂಪರಾಜ ಅರಸು. ಶಾಂತಾ ಹುಬಳೀಕರ ತಮ್ಮ ತಾಯಿನುಡಿಯಲ್ಲಿ ಹೇಗೆ ನಟಿಸಿದರು ಎಂದು ತಿಳಿಯಲು ಇದೇ ದಾರಿ. ಕನ್ನಡದ ಮೊದಲ ಮಾತಿನ ಚಿತ್ರ ‘ಸತಿ ಸುಲೋಚನಾ’ ಚಿತ್ರೀಕರಣವಾದದ್ದು ಕೊಲ್ಲಾಪುರದಲ್ಲಿ. ಅದರ ಪ್ರಿಂಟು ಇಲ್ಲ. ಆ ಪೀಳಿಗೆಯ ಎಷ್ಟೋ ರೀಲುಗಳನ್ನು ಬೆಳ್ಳಿ ತೆಗೆಯಲೆಂದು ಕರಗಿಸಿ ಮಾರಿದರು. ‘ಜೀವನ ನಾಟಕ’ದ ಒಂದು ರೀಲು, ಒಂದು ಹಾಡಿನ ತುಂಡು, ಹಾಡಿನ ಪುಸ್ತಕ, ಸ್ಥಿರಚಿತ್ರ ಏನಿದ್ದರೂ ಪ್ರಕಟಿಸಿ ಎಂದು ಸಂಗ್ರಹಾಲಯವನ್ನೂ ಕರ್ನಾಟಕ ಚಲನಚಿತ್ರ ಅಕಾಡೆಮಿಯನ್ನೂ ಕೇಳುತ್ತೇವೆ.

ಸಾರ್ವಜನಿಕರಿಗೆ ಹೇಳಬೇಕಾದದ್ದು ಇಲ್ಲಿಯೇ. ಹುಬ್ಬಳ್ಳಿ, ಬೆಳಗಾವಿ, ಸೊಲ್ಲಾಪುರ, ಕೊಲ್ಲಾಪುರ ಕಡೆಗಳಲ್ಲಿ ಟೂರಿಂಗ್ ಟಾಕೀಸ್ ನಡೆಸಿದ ಮನೆತನಗಳಿವೆ, ಹಳೆಯ ಟಾಕೀಸುಗಳಿವೆ. ನಿಮ್ಮ ಅಟ್ಟದಲ್ಲಿ ತಗಡಿನ ದುಂಡು ಡಬ್ಬಿ ಇದ್ದರೆ ಮೊದಲು ಫಿಲ್ಮಿನ ಅಗಲ ನೋಡಿ. 16 ಎಂಎಂ, ಅಂದರೆ ಒಂದೂವರೆ ಸೆಂಟಿಮೀಟರಿಗೆ ತುಸು ಹೆಚ್ಚು ಅಗಲದ್ದಾದರೆ ಹೆದರಿಕೆ ಇಲ್ಲ, ಅದು ಸೇಫ್ಟಿ ಫಿಲ್ಮು. ಮೂರೂವರೆ ಸೆಂಟಿಮೀಟರ್ ಅಗಲದ್ದಾಗಿ 1951ಕ್ಕಿಂತ ಹಿಂದಿನ ಚಿತ್ರವಾಗಿದ್ದರೆ ನೈಟ್ರೇಟ್ ಎಂದೇ ತಿಳಿದು ನಡೆಯಿರಿ. ಅದು ಉರಿಯಲು ಹೊರಗಿನ ಗಾಳಿ ಬೇಡ, ತನ್ನೊಳಗಿನ ಆಮ್ಲಜನಕದಿಂದಲೇ ಉರಿಯುತ್ತದೆ; ನೀರು ಸುರಿದರೂ ಆರದು, ಹೊಗೆ ವಿಷ. ಕೊಳೆಯತೊಡಗಿದ ರೀಲು 40 ಡಿಗ್ರಿ ಸೆಲ್ಸಿಯಸ್‌ನ ಆಸುಪಾಸಿನಲ್ಲೂ ತಾನಾಗಿ ಹೊತ್ತಿಕೊಳ್ಳಬಹುದು. ಏಪ್ರಿಲ್ ತಿಂಗಳಲ್ಲಿ ತಗಡಿನ ಮಾಡಿನ ಕೆಳಗೆ ಎಷ್ಟು ಸೆಕೆ ಇರುತ್ತದೆಂದು ಸೊಲ್ಲಾಪುರದವರಿಗೆ ಬಿಡಿಸಿ ಹೇಳಬೇಕಿಲ್ಲ.

ಡಬ್ಬಿಯನ್ನು ಕೆಳಗಿಳಿಸಿ, ಮನೆಯ ಹೊರಗೆ ನೆರಳಿರುವ ಗಾಳಿಯಾಡುವ ಜಾಗದಲ್ಲಿಡಿ. ಮುಚ್ಚಳ ಅಂಟಿಕೊಂಡಿದ್ದರೆ ಬಡಿಯಬೇಡಿ. ಹತ್ತಿರ ಬೀಡಿ, ಒಲೆ, ದೇವರ ದೀಪ ಯಾವುದೂ ಬೇಡ. ಪ್ಲಾಸ್ಟಿಕ್ ಚೀಲದಲ್ಲಿ ಬಿಗಿಯಾಗಿ ಕಟ್ಟಬೇಡಿ. ಒಳಗೆ ಹುಟ್ಟುವ ಅನಿಲ ಹೊರಗೆ ಹೋಗದಿದ್ದರೆ ಕೊಳೆತ ಇನ್ನೂ ಬೇಗ ಆಗುತ್ತದೆ. ಪ್ರೊಜೆಕ್ಟರಿಗೆ ಹಾಕಿ ನೋಡುವ ಆಸೆ ಬಿಡಿ. ಕೊರಿಯರ್‌ನಲ್ಲೋ ಬಸ್ಸಿನ ಪಾರ್ಸಲ್‌ನಲ್ಲೋ ಕಳಿಸಬೇಡಿ. ಡಬ್ಬಿಯ ಮೇಲಿನ ಬರಹ, ಫಿಲ್ಮಿನ ಮೊದಲ ಎರಡು ಅಡಿ ಇವುಗಳ ಫೋಟೋ ತೆಗೆದು ಸಂಗ್ರಹಾಲಯಕ್ಕೆ ತಿಳಿಸಿ. ಹುಳಿಹುಳಿ ವಿನೆಗರ್ ವಾಸನೆ ಬಂದರೆ ಅದು ಅಸಿಟೇಟ್ ಎಂಬ ಸೇಫ್ಟಿ ಫಿಲ್ಮು. ಬೆಂಕಿಯ ಭಯವಿಲ್ಲ, ಆದರೆ ಪಕ್ಕದ ಒಳ್ಳೆಯ ರೀಲಿಗೂ ಆ ರೋಗ ಅಂಟುತ್ತದೆ, ಬೇರೆ ಇಡಿ. ಸುರುಳಿಯ ಹೊರಭಾಗ ಅಂಟಂಟಾಗಿದ್ದರೂ ಎಸೆಯಬೇಡಿ. ಒಳಗಿನ ಸುತ್ತುಗಳು ಚೆನ್ನಾಗಿರುವುದುಂಟು. ಕಂದು ಪುಡಿಯಾಗಿದ್ದರೆ ಮಾತ್ರ ಉಳಿಸಲಾಗದು. ಅದನ್ನು ಕೂಡ ಕಸಕ್ಕೆ ಹಾಕದೆ ಅಗ್ನಿಶಾಮಕ ದಳದವರನ್ನು ಕೇಳಿ.

ಸಂಗ್ರಹಾಲಯದವರು ಇಂಥ ಮನೆಗಳಿಗೆ ತಾವೇ ಬಂದು ಡಬ್ಬಿ ಒಯ್ಯುವ ವ್ಯವಸ್ಥೆ ಮಾಡಿ, ಕೊಟ್ಟವರಿಗೆ ರಸೀದಿ ಮತ್ತು ಒಂದು ಡಿಜಿಟಲ್ ಪ್ರತಿ ಕೊಡುವುದಾಗಿ ಕನ್ನಡದಲ್ಲೂ ಮರಾಠಿಯಲ್ಲೂ ಪ್ರಕಟಿಸಿದರೆ ಜನ ಮುಂದೆ ಬರುತ್ತಾರೆ. ಡಬ್ಬಿ ಕೊಟ್ಟರೆ ಏನಾದರೂ ಕೇಸಿಗೆ ಸಿಕ್ಕಿಹಾಕಿಕೊಳ್ಳುತ್ತೇವೆಯೇ ಎಂಬ ಅಂಜಿಕೆ ಹಲವರಲ್ಲಿರುತ್ತದೆ. ಅದಕ್ಕೊಂದು ಬರಹದ ಭರವಸೆ ಬೇಕು.

ಕೊನೆಯದಾಗಿ ಕನ್ನಡ ಸಬ್‌ಟೈಟಲ್. ಎರಡೂ ಚಿತ್ರಗಳ ಮಾತು, ಹಾಡುಗಳನ್ನು ಕೇಳಿ ಬರೆದು, ಕನ್ನಡಕ್ಕೆ ತಂದು ಕೊಡುವ ಕೆಲಸವನ್ನು ಪುಣೆಯಲ್ಲಿರುವ ನಾವು ಸಂಭಾವನೆಯಿಲ್ಲದೆ ಮಾಡಲು ಸಿದ್ಧ. ಮರಾಠಿ–ಕನ್ನಡ ಎರಡೂ ಮನೆಮಾತಿನಂತೆ ಬಲ್ಲವರು ಈ ಊರಿನಲ್ಲಿ ಬೇಕಾದಷ್ಟಿದ್ದಾರೆ. ಹಲವು ಭಾಷೆಗಳ ಆ ಹಾಡಿಗೆ ಆಯಾ ಭಾಷೆಯವರನ್ನೇ ಕೂರಿಸಿಕೊಳ್ಳುತ್ತೇವೆ. ನಿಮ್ಮಿಂದ ಬೇಕಾದದ್ದು ಸೆಕೆಂಡಿಗೆ 24 ಫ್ರೇಮಿನ ಕೆಲಸದ ಪ್ರತಿ. 25 ಫ್ರೇಮಿನ ಹಳೆಯ ವಿಡಿಯೋ ನೋಡಿ ಕಾಲ ಗುರುತಿಸಿದರೆ 150 ನಿಮಿಷದ ಚಿತ್ರದ ಕೊನೆಗೆ ಬರುವಾಗ ಅಕ್ಷರ ಆರು ನಿಮಿಷ ಮೊದಲೇ ಬಂದುಬಿಟ್ಟಿರುತ್ತದೆ. ಇನ್ನೊಂದು ವಿಷಯ, ಕನ್ನಡದ ಒತ್ತಕ್ಷರ ಸಾಲಿನ ಕೆಳಗೆ ಇಳಿಯುತ್ತದೆ. ಇಂಗ್ಲಿಷಿಗೆಂದು ಹೊಂದಿಸಿದ ಸಾಲಂತರದಲ್ಲಿ ಮೇಲಿನ ಸಾಲಿನ ಒತ್ತು ಕೆಳಗಿನ ಸಾಲಿನ ತಲೆಕಟ್ಟಿಗೆ ತಾಗಿ ಎರಡೂ ಓದಲು ಬರುವುದಿಲ್ಲ. ಸಾಲಂತರ ಹೆಚ್ಚಿಸಿ, ದೊಡ್ಡ ಪರದೆಯ ಮೇಲೆ ಒಂದು ರೀಲು ಓಡಿಸಿ ನೋಡಿದ ಮೇಲೆಯೇ ಉಳಿದದ್ದನ್ನು ಮಾಡಬೇಕು.

ಮೊದಲ ಹೆಜ್ಜೆಯಾಗಿ ‘ಮಾಣೂಸ್’, ‘ಆದ್ಮಿ’, ‘ಮಾಝಾ ಮುಲ್ಗಾ’, ‘ಮೇರಾ ಲಡ್ಕಾ’ ಈ ನಾಲ್ಕಕ್ಕೂ ಯಾವ ಯಾವ ಆಕರ ಎಷ್ಟು ರೀಲು ಉಳಿದಿದೆ, ಯಾವ ಸ್ಥಿತಿಯಲ್ಲಿದೆ ಎಂಬ ಒಂದು ಪುಟದ ಪಟ್ಟಿಯನ್ನು ಪ್ರಕಟಿಸಬೇಕೆಂದು ಕೇಳಿಕೊಳ್ಳುತ್ತೇವೆ. ಪಟ್ಟಿ ಸಿಕ್ಕ ಕೂಡಲೇ ನಮ್ಮ ಕಡೆಯ ಕೆಲಸ ಶುರುಮಾಡುತ್ತೇವೆ.

ಇಂತಿ,
ಪುಣೆಯಲ್ಲಿ ನೆಲೆಸಿರುವ ಕನ್ನಡ ಚಿತ್ರಾಸಕ್ತರು